ಇಪ್ಪತ್ತು ಕಿಲೋದ ಕೆಳಗೆ

ನನ್ನ ಕಾಟಾಕ್ಕೆ ಇಪ್ಪತ್ತು ಕಿಲೋದ ಕೆಳಗಿನದು ಕಾಣುವುದಿಲ್ಲ.
ಮೊದಲೇ ಹೇಳಿಬಿಡುತ್ತೇನೆ,
ಕೋರ್ಟಿನಲ್ಲಿ ಯಾರೂ ಕೇಳಲಿಲ್ಲ.

ರಾಸ್ ಅಲ್ ಖೈಮಾ. ಬೆಟ್ಟ ಒಡೆದು ಜಲ್ಲಿ ಮಾಡುವ ಕಂಪನಿ.
ಕಣಿವೆಯ ಬಾಯಲ್ಲಿ ಲಾರಿ ತೂಗುವ ಹಾಸು,
ಪಕ್ಕದ ಡಬ್ಬದಂಥ ಕೋಣೆಯಲ್ಲಿ ನಾನು.
ಲಾರಿ ಖಾಲಿ ಒಮ್ಮೆ, ತುಂಬಿ ಒಮ್ಮೆ.
ಕಳೆದು ಉಳಿದದ್ದು ಬೆಟ್ಟ.
ಹನ್ನೊಂದು ವರ್ಷದಲ್ಲಿ ಎಷ್ಟು ಬೆಟ್ಟ ಕಳೆದೆನೋ
ರಿಜಿಸ್ಟರಿನಲ್ಲಿದೆ.

ಆ ಮಂಗಳವಾರ ಬೆಳಗಿನ ನಮಾಜು ಮುಗಿಸಿ
ಹಳ್ಳಿಯವರು ದಾರಿಗೆ ಅಡ್ಡ ಹಾಕಿದ್ದು
ಒಂದು ಒಣಗಿದ ಖರ್ಜೂರದ ಮರ, ಎರಡು ಪಿಕಪ್ಪು,
ಮಸೀದಿಯ ಹಸಿರು ಚಾಪೆ.
ಚಾಪೆಯ ಮೇಲೆ ಮುದುಕರು ಕೂತು ಗಾವಾ ಕುಡಿದರು.
ಕೂಗಿಲ್ಲ, ಕಲ್ಲೆಸೆತವಿಲ್ಲ.
ಕಲ್ಲೆಲ್ಲ ನಮ್ಮ ಹತ್ತಿರವೇ ಇತ್ತಲ್ಲ.

ನಲವತ್ಮೂರು ಲಾರಿ ನಿಂತವು.
ಟ್ರಿಪ್ಪಿಗೆ ಇಷ್ಟೆಂದು ದುಡಿಯುವ ಗುಲ್ ಜರೀನ್
ಸ್ಟೇರಿಂಗಿಗೆ ಹಣೆ ಹಚ್ಚಿ,
"ಅವರ ಕೆಮ್ಮು ಅವರದು, ನನ್ನ ಬಾಡಿಗೆ ನನ್ನದು" ಅಂದ.
ಕೆಮ್ಮುತ್ತಲೇ ಅಂದ.

ಎರಡನೇ ಸಂಜೆ ಬಂದವಳು ಮೌಜಾ,
ಮುಖದ ಬುರ್ಖಾದ ಅಂಚಿನಲ್ಲಿ ಬೆವರು,
ಕೈಯಲ್ಲಿ ಬಟ್ಟೆಯ ಗಂಟು.
ಅರವತ್ತು ಟನ್ನಿನ ಲಾರಿ ನಿಲ್ಲುವಲ್ಲಿ
ಮೊಟ್ಟೆ ಇಡುವಷ್ಟು ಮೆಲ್ಲಗೆ ಗಂಟನ್ನಿಟ್ಟು
ತೂಗು ಅಂದಳು.
ಮಾಳಿಗೆಯಿಂದ, ಹಾಸಿಗೆಯಿಂದ, ಒಣಗಲಿಟ್ಟ ಖರ್ಜೂರದ ಮೇಲಿಂದ
ಗುಡಿಸಿ ತಂದ ಧೂಳು.
ಕೆಂಪು ಅಂಕಿ ಕದಲಲಿಲ್ಲ.
"ಸಿಫ್ರ್" ಅಂದೆ. ನನ್ನದು ಲಾರಿ ಅರಬಿ,
ಸೊನ್ನೆಯಿಂದ ಸಾವಿರದವರೆಗೆ ಬರುತ್ತದೆ.
"ಮೊಮ್ಮಗನ ಎದೆಯೊಳಗೆ ಇದಕ್ಕಿಂತ ಕಡಿಮೆಯೇ ಇದೆ"
ಅಂದು ಚೀಟಿ ಕೇಳಿದಳು.
ಯಂತ್ರ ಸೊನ್ನೆಗೂ ಚೀಟಿ ಕೊಡುತ್ತದೆ, ಕೊಟ್ಟೆ.

ಮರುದಿನ ಕಂಪನಿಯ ವಕೀಲರು, ಉಸ್ತಾದ್ ರಿಫಾತ್:
ಪರವಾನಗಿ ಇದೆ, ಶುಲ್ಕ ಕಟ್ಟಿದ್ದೇವೆ,
ದಿನಕ್ಕೆ ನಾಲ್ಕು ಸಲ ನೀರು ಚಿಮುಕಿಸುತ್ತೇವೆ,
ಇಷ್ಟಿದ್ದೂ ಯಾರೋ ಚಾಪೆ ಹಾಸಿ ತಡೆದರೆ
ಕಾನೂನು ಯಾರಿಗೆ?
ಕೇಳಿದ್ದರಲ್ಲಿ ತಪ್ಪು ಕಾಣಲಿಲ್ಲ.
ನೀರು ಚಿಮುಕಿಸುವುದು ಎರಡು ಸಲ,
ಟ್ಯಾಂಕರು ಕೆಟ್ಟರೆ ಅದೂ ಇಲ್ಲ.
ಆದರೆ ನೀರನ್ನು ನಾನು ತೂಗುವುದಿಲ್ಲ.

ನನ್ನ ಸಾಕ್ಷಿ ಸಣ್ಣದು:
ಎಷ್ಟು ಲಾರಿ, ಎಷ್ಟು ಗಂಟೆ, ಎಷ್ಟು ಟನ್ನು.
ಬರೆದುಕೊಟ್ಟೆ, ಒಂದಂಕಿ ಸುಳ್ಳಿಲ್ಲ.
ಸಹಿ ಮಾಡುವಾಗ ಯಾಕೋ
ಕೋಟದ ಗೇರುಬೀಜದ ಕಾರ್ಖಾನೆ ನೆನಪಾಯಿತು.
ಅಂಗಳದಲ್ಲಿ ಒಣಹಾಕಿದ ಸೀರೆಯ ಮೇಲೆ ಕರಿ ಕೂತರೆ
ಅಮ್ಮ ಝಾಡಿಸಿ ಮತ್ತೆ ಹಾಕುತ್ತಿದ್ದಳು:
"ಆ ಚಿಮಣಿ ನಿಂತರೆ ನಮ್ಮ ಒಲೆಯೂ ನಿಂತೀತು, ಸುಮ್ನಿರು."

ಆದೇಶ ಬಂತು. ಎರಡು ಮೊಹರು.
ದಾರಿಗೆ ಅಡ್ಡ ಬರಕೂಡದು, ಬಂದರೆ ದಂಡ,
ದೂರಿದ್ದರೆ ಪರಿಸರದ ಕಚೇರಿಗೆ ಬರೆದುಕೊಳ್ಳಿ.
ಪೊಲೀಸರು ಚಾಪೆಯನ್ನು ಮರ್ಯಾದೆಯಿಂದಲೇ ಸುತ್ತಿ
ಮಸೀದಿಯ ಮೆಟ್ಟಿಲಲ್ಲಿಟ್ಟರು.

ಟೈಪಿಂಗ್ ಸೆಂಟರಿನ ಶಿಹಾಬ್ ಹೇಳಿದ್ದು:
ಮೌಜಾ ಆ ಚೀಟಿಯನ್ನೂ ಕೋರ್ಟಿಗೆ ತಂದಿದ್ದಳಂತೆ.
ಉಸ್ತಾದ್ ಅದನ್ನೇ ಎತ್ತಿ ಹಿಡಿದರಂತೆ:
ನೋಡಿ, ಅವರೇ ತೂಗಿಸಿದ್ದು,
ಸರಕಾರ ಮುದ್ರೆ ಹಾಕಿದ ಕಾಟಾ.
ಧೂಳು ಸೊನ್ನೆ.

ಗಂಟನ್ನು ಅವಳು ಬಿಟ್ಟುಹೋಗಿದ್ದಳು.
ಮೇಜಿನಡಿ ಒಂದು ತಿಂಗಳು ನನ್ನ ಕಾಲಿಗೆ ತಾಗುತ್ತಿತ್ತು.
ನಿನ್ನೆ ರಾತ್ರಿ ಕ್ಯಾಂಪಿನ ಅಡುಗೆಮನೆಯಲ್ಲಿ
ಮೆಣಸು ತೂಗುವ ತಕ್ಕಡಿಗೆ ಹಾಕಿದೆ.
ಮುಳ್ಳು ಅಲುಗಿತು.
ನಾನೂರ ಅರವತ್ತು ಗ್ರಾಂ.

ಗಾಡಿಯ ನಂಬರು, ಖಾಲಿ ತೂಕ, ತುಂಬಿದ ತೂಕ:
ಯಾವ ಕಾಲಮ್ಮಿನಲ್ಲಿ ಬರೆಯಲಿ ಎಂದು
ಪೆನ್ನು ಹಿಡಿದು ಕೂತಿದ್ದೇನೆ.
ಗಾಜಿನಾಚೆ ಹಾಸಿನ ಮೇಲೆ ನಿಂತು
ಗುಲ್ ಜರೀನ್ ಹಾರ್ನು ಹೊಡೆಯುತ್ತಿದ್ದಾನೆ.