ಹದಿನೇಳನೆಯ ಗರಿ

ಶಿಡ್ಲಘಟ್ಟದ ರೀಲಿಂಗ್ ಶೆಡ್ಡಿನ ಅಟ್ಟದಲ್ಲಿ
ಗೂಡಿನ ಚೀಲಗಳ ಹಿಂದೆ ಸಿಕ್ಕಿತು ಕಟ್ಟು.
ಬಣ್ಣ ಹಾಕುವ ಜೈತುನ್‌ಬಿ, ಓದು ಬಾರದವಳು,
ಮೂಸಿ ಹೇಳಿದಳು: "ಮಂಜಿಷ್ಠ. ಅಳಲೆಕಾಯಿ. ಇನ್ನೇನೋ."

ಗರಿಯ ತುಂಬ ಬರೀ ಗೀರು.
ಹಂಡೆಯ ತಳದ ಮಸಿ ತಂದು
ಅವಳೇ ಉಜ್ಜಿದಳು.
ಬೆಳಕಿನ ಮಾತು ಕಪ್ಪಾಗಿ ಎದ್ದು ಬಂತು:

ಅರಿಸಿನಕ್ಕೆ ಬಿಸಿಲು ತೋರಬೇಡ,
ಮುನಿದು ಹೊರಟುಹೋದೀತು.
ನೀಲಿ ನೀರಲ್ಲಿ ಹುಟ್ಟದು;
ಎತ್ತಿ ಗಾಳಿಗೆ ಹಿಡಿ, ಆಗ ಹುಟ್ಟುವುದು.
ಬಿಳಿಯ ಗುಟ್ಟು ಮುಂದಿನ ಗರಿಯಲ್ಲಿ.

ಮುಂದಿನದನ್ನು ಪೂರಾ ಹುಳ ತಿಂದಿತ್ತು.

"ಹುಳ ಅಂದ್ರೆ ನಮ್ಮೂರಲ್ಲಿ ಅನ್ನ,
ಬಯ್ಯಬ್ಯಾಡಿ ಮೇಷ್ಟ್ರೆ" ಎನ್ನುತ್ತ
ಕಿಟಕಿಗೆ ಹಿಡಿದಳು.

ನೀಲಿಗಟ್ಟಿದ ಅವಳ ಇನ್ನೊಂದು ಅಂಗೈ ಮೇಲೆ
ಬಿಳೀ ಚುಕ್ಕಿಗಳು, ಸಾಲು ಸಾಲು.
ನಾನು ಕನ್ನಡಕ ಹುಡುಕುತ್ತಿದ್ದೆ;
ಅವಳು ಆಗಲೇ ಎಣಿಸತೊಡಗಿದ್ದಳು.