ತಲೆಕಟ್ಟು

ಆದವಾನಿ ಪುರಸಭೆಯ ಹಿಂದಿನ ಕೋಣೆ.
ಕಿಟಕಿಯಿಂದ ಹತ್ತಿಯ ನವಿರು ಬಂದು ಕೂರುತ್ತಿತ್ತು
ಹುಟ್ಟಿದವರ ಪುಸ್ತಕದ ಮೇಲೂ ಸತ್ತವರ ಪುಸ್ತಕದ ಮೇಲೂ.
ಇಪ್ಪತ್ತಾರು ವರ್ಷ ಅದರ ಬೀಗದ ಕೈ
ನನ್ನ ಉಡಿದಾರದಲ್ಲಿತ್ತು.

ಮಧುಕಾಂತ ಸತ್ತ ಹನ್ನೊಂದನೆಯ ದಿನಕ್ಕೇ ಶುರು.
ಕರ್ನೂಲಿಂದ ಒಂದು ಜೀಪು, ಬಳ್ಳಾರಿಯಿಂದ ಎರಡು.
ಸೊಲ್ಲಾಪುರದ ಭಾವಸಾರ ಸಮಾಜದವರು ಟ್ರೇನಿಗೆ ಬಂದು
ಮೇಜಿನ ಮೇಲೆ ಪೇಢೆಯ ಡಬ್ಬಿ ಇಟ್ಟರು.
"ಅವರಪ್ಪ ನಮ್ಮ ರಂಗಾರಿ ರೀ, ನೀಲಿ ಕೈಯವ.
ಮಗ ಬಣ್ಣ ಹಚ್ಚಿದ್ದು ಸುಮ್ಮನೆ ಅಲ್ಲ."
"ಗುಂಗುರು ಕೂದಲು ನೋಡ್ರಿ" ಅಂದರು ಮಸೀದಿ ಓಣಿಯ ಜಬ್ಬಾರ್ ಸಾಹೇಬರು,
"ಸಿದ್ದಿ ಸರದಾರನ ಸಿಪಾಯಿಗಳದ್ದು.
ಕೋಟೆಯ ಕಲ್ಲು ಉಳೀತದ, ಕೂದಲು ಉಳಿಯಂಗಿಲ್ಲೇನು?"
ನಾನು ಪೇಢೆ ತಿಂದೆ.
ಯಾರ ಮಾತನ್ನೂ ಅಲ್ಲಗಳೆಯಲಿಲ್ಲ.

ಸಾವಿರದ ಒಂಬೈನೂರ ಮೂವತ್ತೊಂದು, ನವೆಂಬರ್.
ಜಿಲ್ಲೆ: ಬಳ್ಳಾರಿ. ಪ್ರಾಂತ: ಮದರಾಸು.
ಇಷ್ಟು ಓದಿದ್ದೇ ಬಳ್ಳಾರಿಯವರು ಶಿಳ್ಳೆ ಹೊಡೆದರು.
ಆ ಲೆಕ್ಕಕ್ಕೆ ನಮ್ಮಜ್ಜನ ಎತ್ತುಗಳೂ ಬಳ್ಳಾರಿಯವೇ.
ಮಗು: ಗಂಡು. ಹೆಸರು: ಇಟ್ಟಿಲ್ಲ.
ತಂದೆ ಎಂಬಲ್ಲಿ ಒಂದೇ ಮಾತು: ಗಿರಣಿ.
ಸೂಲಗಿತ್ತಿ: ಖಾಸಿಂಬಿ, ಹೆಬ್ಬೆಟ್ಟು.
ತಾಯಿ: ನರಸಮ್ಮ.

ಜಗಳವೆಲ್ಲ ಈ ನರಸಮ್ಮನ ನೆತ್ತಿಯ ಮೇಲೆ.
ಗೆರೆಯನ್ನು ಅಡ್ಡ ಮಲಗಿಸಿದರೆ ಕನ್ನಡ,
ತುದಿ ಎತ್ತಿ ಕೊಕ್ಕೆ ಮಾಡಿದರೆ ತೆಲುಗು,
ಉಳಿದ ಮೈಯೆಲ್ಲ ಒಂದೇ.
ಅಂದಿನ ಗುಮಾಸ್ತನಿಗೆ ಹಸಿವಾಗಿತ್ತೋ,
ಟಾಕಿನ ಮೂತಿ ಮುರಿದಿತ್ತೋ,
ಎತ್ತಿಯೂ ಇಲ್ಲ, ಮಲಗಿಸಿಯೂ ಇಲ್ಲ.
ಭೂತಗನ್ನಡಿ ತಂದರು. ಪ್ರೊಫೆಸರನನ್ನು ತಂದರು.
ಆತ ಕನ್ನಡಕ ಒರೆಸಿ, ಮತ್ತೆ ಒರೆಸಿ,
"ಕೈ ಬೇಗ ಓಡಿದೆ" ಎಂದ.

ಅರವತ್ತೆಂಟರಲ್ಲಿ ಒಮ್ಮೆ ಬಂದಿದ್ದ, ಟಾಕೀಸು ತೆರೆಯಲು.
ಸ್ಟೇಷನ್ ಎದುರು ಕಾರು ನಿಲ್ಲಿಸಿ
ಹೋಟೆಲಿನ ಒಲೆಯ ಹತ್ತಿರ ನಿಂತ.
ಊರೆಲ್ಲ ಕಿವಿಯಾಯಿತು:
ಒಗ್ಗರಣೆ ಅಂತಾನೋ, ಉಗ್ಗಾನಿ ಅಂತಾನೋ?
ಆತ ಬಾಣಲೆಯತ್ತ ಬೆರಳು ತೋರಿಸಿದ.
ತಿಂದ. ಮೆಣಸಿನಕಾಯಿ ಬಜ್ಜಿಗೂ ಬೆರಳೇ.
ಮೂರು ಭಾಷೆಯಲ್ಲಿ ಜನರನ್ನು ಅಳಿಸಿದ ಬಾಯಿ
ಖಾರ ಹತ್ತಿ ಬರೀ ಹಾ, ಹಾ ಎಂದಿತು.

ಜೀಪುಗಳಿನ್ನೂ ಹೊರಗಿದ್ದವು. ಒಬ್ಬಾಕೆ ಬಂದಳು,
ಜಿನ್ನಿಂಗಿನ ಕೆಮ್ಮು, ಕೈಯಲ್ಲಿ ಪಿಂಚಣಿ ಅರ್ಜಿ.
ಅರವತ್ತೈದು ಆಯಿತೆಂದು ಕಾಗದ ಬೇಕಂತೆ.
"ಖಾಸಿಂಬಿ ಹೇಳ್ತಿದ್ಲಪ್ಪ, ಒಂದೇ ರಾತ್ರಿ ಎರಡು ಹೆರಿಗೆ,
ಆ ಓಣಿಗೆ ಒಂದು, ಈ ಓಣಿಗೆ ಒಂದು,
ಒಂದೇ ಕುಡುಗೋಲಂತೆ. ತೊಳೆದ್ಲೋ ಇಲ್ಲೋ."
ಹುಡುಕಬೇಕಾಗಲಿಲ್ಲ. ಪುಟ ತೆರೆದೇ ಇತ್ತು,
ಆತನ ಕೆಳಗಿನ ಸಾಲು.
ಮಗು: ಹೆಣ್ಣು. ತಂದೆ: ಗಿರಣಿ.
ಭೂತಗನ್ನಡಿಯವನ ಮೊಣಕೈ ಅದರ ಮೇಲಿತ್ತು.
"ಸ್ವಲ್ಪ ಸರೀರಿ" ಅಂದೆ.

ಹೆಸರು ಕೇಳಿದೆ. ಸಾಕಮ್ಮ, ಅಂದಳು.
ನಕಲು ಬರೆದೆ. ಊಟದ ಹೊತ್ತಾಗಿತ್ತು,
ನನ್ನ ಕೈಯೂ ಬೇಗ ಓಡಿತು.
ತಲೆಕಟ್ಟು ಹೇಗೆ ಬಿತ್ತೋ ಇಬ್ಬರೂ ನೋಡಲಿಲ್ಲ.
ಹೆಬ್ಬೆಟ್ಟು ಒತ್ತಿ, ಮಸಿಯನ್ನು ಗೋಡೆಗೆ ಒರೆಸಿ,
"ರೊಕ್ಕ ಯಾವಾಗ ಬರ್ತದ?" ಅಂದಳು.