ಎಡಬದಿಯ ಹುಲ್ಲು

ಪುಸ್ತಕಕ್ಕಿನ್ನೂ ಹೆಸರಿಟ್ಟಿಲ್ಲ. ಕರಡು ಮಾತ್ರ:
ನೂರಾ ಎಪ್ಪತ್ತು ಪುಟ, ಪುಟಕ್ಕೊಂದು ಚಿತ್ರ,
ಫುಟ್‌ಬಾಲ್ ಅರಿಯದವರಿಗೆ ಮೂರು ಭಾಗ:
ತಂತ್ರ, ಹಣ, ಚರಿತ್ರೆ.
ಬರೆದವರು ಮಾಂಟೆವಿಡಿಯೋದ ಪ್ರೊಫೆಸರು.
ಬಾಣ ಬಿಡಿಸುವವಳು ನಾನು.

ರಾತ್ರಿ ಬಸ್ಸಿನಲ್ಲಿ ಮಡಿಲಲ್ಲಿಟ್ಟುಕೊಂಡು
ಫ್ರಾಯ್ ಬೆಂಟೋಸಿಗೆ ತಂದೆ, ಅಜ್ಜನಿಗೆ ತೋರಿಸಲು.
ಸೆಫೆರಿನೊ ಬೆಂಟಾಂಕೋರ್, ನಲವತ್ತೊಂದು ವರ್ಷ
ಒಂದೇ ಮೈದಾನಕ್ಕೆ ಸುಣ್ಣದ ಗೆರೆ ಎಳೆದವನು.
ಓದು ಅಷ್ಟಕ್ಕಷ್ಟೆ. ಕನ್ನಡಕ ಮೂಗಿನ ತುದಿಗೆ,
ಮಾಟೆಯ ಸೋರೆಬುರುಡೆ ಮೊಣಕಾಲ ನಡುವೆ.

ಮೊದಲ ಭಾಗ. ಬಿಳಿ ಹಾಳೆಯ ಮೇಲೆ
ಹನ್ನೊಂದು ಕೆಂಪು ಚುಕ್ಕಿ, ಹನ್ನೊಂದು ನೀಲಿ.
"ಇದೇನು, ಕೆಸರೇ ಇಲ್ಲ?" ಅಂದ.
"ಮೈದಾನ ಅಂದರೆ ಸವೆತ, ಮಗಳೇ.
ಗೋಲ್‌ಕೀಪರ್ ಚಡಪಡಿಸುವ ಕಡೆ ಬೋಳು,
ಕಾರ್ನರಿನ ಹತ್ತಿರ ಹಿಮ್ಮಡಿ ತೋಡಿದ ಗುಳಿ.
ಹೊಸ ಕೋಚ್ ಬಂದ ವರ್ಷ
ಬೋಳು ಪಟ್ಟಿ ಹತ್ತು ಹೆಜ್ಜೆ ಮುಂದಕ್ಕೆ ಸರಿಯಿತು.
ಡಿಫೆನ್ಸು ಮೇಲೇರಿ ನಿಲ್ಲುತ್ತಿದೆ ಅಂತ
ಪೇಪರಿನವರಿಗಿಂತ ಮೊದಲು ನನ್ನ ಬಕೆಟ್ಟಿಗೆ ಗೊತ್ತಾಯಿತು,
ಬೀಜ ಚೆಲ್ಲುವ ಬಕೆಟ್ಟಿಗೆ."

ಎಂಜಲು ಹಚ್ಚಿ ಪುಟ ಮಗುಚಿದ.
ಸುಣ್ಣ ತಿಂದ ಬೆರಳು ನನ್ನ ನೀಲಿಯ ಮೇಲೆ
ಬಿಳಿ ಗುರುತು ಬಿಟ್ಟಿತು. ಒರೆಸಲಿಲ್ಲ ನಾನು.

ನಡುವಿನದನ್ನು ಬಿಟ್ಟು ಚರಿತ್ರೆಗೆ ಹಾರಿದ,
ಬೇಕೆಂದೇ ಇರಬಹುದು.
ಮಾಂಸದ ಫ್ಯಾಕ್ಟರಿ, ಚಿಮಣಿ, ಹಡಗು,
ಇಂಗ್ಲಿಷ್ ಎಂಜಿನಿಯರು, ಅವನ ಕಾಲಡಿಯಲ್ಲಿ ಚೆಂಡು.
ಮೀಸೆಯನ್ನು ಚೆನ್ನಾಗಿಯೇ ಬರೆದಿದ್ದೆ.
ಅಜ್ಜ ಎದ್ದು ಶೆಡ್ಡಿನಿಂದ ಹಗ್ಗ ತಂದ,
ಒಂದು ತುದಿಗೆ ಗೂಟ, ಇನ್ನೊಂದರ ಬಳಿ ಗಂಟು.
"ಅಳೆ." ಅಳೆದೆ.
ಒಂಬತ್ತು ಮೀಟರು, ಹದಿನೈದು ಸೆಂಟಿಮೀಟರು.
ಇದೆಂಥ ಮುರುಕು ಲೆಕ್ಕ?
"ಅವರ ಹತ್ತು ಗಜ.
ದನವನ್ನು ಡಬ್ಬಿಗೆ ತುಂಬಿ, ಗಂಟು ಕಟ್ಟಿಕೊಂಡು
ಹೊರಟೇ ಹೋದರು. ಚಿಮಣಿ ಆರಿತು.
ನಮಗೆ ಬಿಟ್ಟ ಗಂಟು ಇದೊಂದೇ.
ಇವತ್ತಿಗೂ ನಡುವಿನ ವೃತ್ತ ಇದರಿಂದಲೇ ತಿರುಗಬೇಕು."

ಮಧ್ಯಾಹ್ನ. ನದಿಯಿಂದ ಗಾಳಿ.
ಉಳಿದದ್ದು ಹಣದ ಭಾಗ.
ನನ್ನ ಚಿತ್ರದಲ್ಲಿ ಈಚೆ ಪುಟ್ಟ ಊರು, ಆಚೆ ಯುರೋಪು,
ಹೋಗುವ ಬಾಣದ ಮೇಲೆ ಹುಡುಗ,
ಬರುವ ಬಾಣದ ಮೇಲೆ ಚೀಲ. ಎರಡೂ ಒಂದೇ ದಪ್ಪ.
ಬಹಳ ಹೊತ್ತು ನೋಡಿದ.
"ಆಸ್ದ್ರೂಬಾಲನಾ?"
ಯಾರೂ ಅಲ್ಲ, ಅಂದೆ. ಮಾದರಿಗೆ.
ಕಿವಿ ಮಾತ್ರ ಅವನದೇ ಬಂದಿತ್ತು.

"ಚೀಲ ಇಷ್ಟು ದೊಡ್ಡದಿರಲಿಲ್ಲ. ಎರಡು ದೀಪದ ಕಂಬ ಬಂತು,
ಬಟ್ಟೆ ಒಗೆಯುವ ಎಲ್ಬಿಯಾಳ ಎಂಟು ತಿಂಗಳ ಬಾಕಿ ತೀರಿತು,
ಮಿಕ್ಕದ್ದು ದಾರಿಯಲ್ಲೇ, ಯಾರ್ಯಾರದೋ ಜೇಬಿಗೆ."
ಆಮೇಲೆ, ಅದೇ ದನಿಯಲ್ಲಿ:
"ಎಡಗಡೆಯ ಗೆರೆಗುಂಟ ಓಡುತ್ತಿದ್ದ.
ಆರು ವರ್ಷ ಅಲ್ಲೊಂದು ಎಸಳೂ ನಿಲ್ಲಲಿಲ್ಲ,
ಎಷ್ಟು ಬೀಜ ಹಾಕಿದರೂ. ಬೈಯುತ್ತಿದ್ದೆ.
ಅವನು ಹೋದ ವಸಂತದಲ್ಲಿ
ತಾನೇ ತಾನಾಗಿ ಹಸಿರು ಬಂತು."

ಮಾಂಟೆವಿಡಿಯೋಗೆ ಮರಳಿ ಆ ಪುಟ ಅಳಿಸಿದೆ:
ಊರು, ಸಾಗರ, ಚೀಲ, ಹುಡುಗ, ಕೊನೆಗೆ ಕಿವಿ.
ಖಾಲಿ ಮೈದಾನ ಬರೆದೆ, ಮೇಲಿನಿಂದ ಕಂಡಂತೆ,
ಎಲ್ಲೆಲ್ಲೂ ಸವೆದು ಕಂದು. ಎಡಬದಿಯಲ್ಲಿ
ಒಂದು ಮಾರು ಅಗಲ, ಕೊನೆಯವರೆಗೆ ಹಸಿರು.

ಪ್ರೊಫೆಸರು ಅಂಚಿನಲ್ಲಿ ಪೆನ್ಸಿಲಿನಲ್ಲಿ ಕೇಳಿದ್ದಾರೆ:
ಬಾಣಗಳೆಲ್ಲಿ? ಅಂಕಿಗಳೆಲ್ಲಿ?
ಈ ಪಟ್ಟಿ, ಬಣ್ಣ ಚೆಲ್ಲಿದ್ದೋ?
ಉತ್ತರ ಇನ್ನೂ ಬರೆದಿಲ್ಲ. ಗಡುವು ಶುಕ್ರವಾರ.